ಡಚ್ ಓವನ್ ಕೊಳ್ಳುವ ಮುಂಚೆ: ಬೀಡಿನ ಪಾತ್ರೆಯನ್ನು ಆರಿಸುವುದು, ಪಳಗಿಸುವುದು, ಕಾಪಾಡುವುದು

ಕಳೆದ ಮಳೆಗಾಲ ಅಕ್ಕ ಅಮೆರಿಕದಿಂದ ಬಂದಾಗ ಅವಳ ಸೂಟ್‌ಕೇಸಿನಲ್ಲಿ ಒಂದು ಕಪ್ಪು ಪಾತ್ರೆ ಇತ್ತು. ದಪ್ಪ ಗೋಡೆ, ಎರಡು ಕಿವಿ, ಒಂದು ಕೈಯಲ್ಲಿ ಎತ್ತಿದರೆ ಮಣಿಕಟ್ಟು ನೋಯುವಷ್ಟು ಭಾರದ ಮುಚ್ಚಳ. "ಡಚ್ ಓವನ್ ಕಣೇ ಇದು, ನಿನಗೇ ಅಂತ ತಂದೆ" ಅಂದಳು. ಅವತ್ತೇ ಅದರಲ್ಲಿ ಟೊಮೆಟೊ ಸಾರು ಮಾಡಿದೆ, ಹುಣಸೆಹಣ್ಣೂ ಹಾಕಿದ್ದೆ. ಸಾರು ಕಪ್ಪಗೆ ತಿರುಗಿತು. ಬಾಯಿಗಿಟ್ಟರೆ ಕಬ್ಬಿಣ ನೆಕ್ಕಿದ ಹಾಗೆ. ರಾತ್ರಿ ಪಾತ್ರೆ ತೊಳೆದು ಬೋರಲು ಹಾಕಿ ಮಲಗಿದೆ. ಬೆಳಗ್ಗೆ ನೋಡಿದರೆ ಒಳಗೆಲ್ಲ ಕೆಂಪು ತುಕ್ಕು.

ಅಷ್ಟು ದೂರದಿಂದ ಹೊತ್ತು ತಂದ ಪಾತ್ರೆ ಒಂದೇ ದಿನಕ್ಕೆ ಹಾಳಾಯಿತಲ್ಲ ಅಂತ ಸಂಕಟವಾಯಿತು. ಆದರೆ ಅದು ಹಾಳಾಗಿರಲಿಲ್ಲ. ಸಾರು ಕಪ್ಪಾದದ್ದಕ್ಕೆ ಒಂದು ಕಾರಣ ಇತ್ತು, ತುಕ್ಕು ಹಿಡಿದದ್ದಕ್ಕೆ ಇನ್ನೊಂದು. ಎರಡನ್ನೂ ಸರಿಮಾಡುವ ದಾರಿಯೂ ಇತ್ತು.

ಈಗ ಇಂಥ ಪಾತ್ರೆಗಳು ನಮ್ಮ ಊರುಗಳಿಗೂ ಬಂದಿವೆ. ನಾನ್‌ಸ್ಟಿಕ್ ಬೇಡ ಅಂತ ಕಬ್ಬಿಣಕ್ಕೆ ಮರಳುತ್ತಿರುವವರು ಕೊಳ್ಳುತ್ತಿದ್ದಾರೆ. ಮನೆಯಲ್ಲೇ ಬ್ರೆಡ್ ಮಾಡುವವರು ಕೊಳ್ಳುತ್ತಿದ್ದಾರೆ. ಬೆಲೆ ಕೆಲವು ಸಾವಿರದಿಂದ ಹಿಡಿದು ಹತ್ತಾರು ಸಾವಿರದವರೆಗೆ ಇದೆ. ಒಂದು ಕಪ್ಪು, ಇನ್ನೊಂದು ಕಿತ್ತಳೆ ಬಣ್ಣದ್ದು. ಒಂದಕ್ಕೆ ಕಾಲಿದೆ, ಇನ್ನೊಂದಕ್ಕಿಲ್ಲ. ಎಲ್ಲಕ್ಕೂ ಒಂದೇ ಹೆಸರು. ಗೊಂದಲ ಆಗುವುದು ಸಹಜ, ಅಲ್ವಾ?

ಹೆಸರು ಓವನ್, ವಸ್ತು ಪಾತ್ರೆ

ಡಚ್ ಓವನ್ ಅಂದರೆ ದಪ್ಪ ಗೋಡೆಯ, ಬಿಗಿಯಾಗಿ ಕೂರುವ ಭಾರದ ಮುಚ್ಚಳ ಇರುವ, ಎರಕ ಹೊಯ್ದ ಕಬ್ಬಿಣದ, ಅಂದರೆ ಬೀಡಿನ ಪಾತ್ರೆ. ಕರೆಂಟಿಲ್ಲ, ಬಾಗಿಲಿಲ್ಲ.

"ಡಚ್" ಅನ್ನುವ ಮಾತು ಹೇಗೆ ಸೇರಿತು ಅನ್ನುವುದಕ್ಕೆ ಹೆಚ್ಚಾಗಿ ಹೇಳುವ ಕತೆ ಇಂಗ್ಲೆಂಡಿನ ಏಬ್ರಹಾಂ ಡಾರ್ಬಿಯದು. ಆಗ ಹಾಲೆಂಡಿನ ಎರಕದವರು ಹಿತ್ತಾಳೆ ಪಾತ್ರೆ ಮಾಡುವುದರಲ್ಲಿ ಪಳಗಿದ್ದರು. ಡಾರ್ಬಿ ಅವರ ಕೆಲಸ ನೋಡಿ ಬಂದ. ಹಿತ್ತಾಳೆ ದುಬಾರಿ, ಕಬ್ಬಿಣ ಅಗ್ಗ. ಅದೇ ಪಾತ್ರೆಯನ್ನು ಮರಳಿನ ಅಚ್ಚಿನಲ್ಲಿ ಕಬ್ಬಿಣ ಹೊಯ್ದು ಮಾಡಿದರೆ ಬಡವರ ಮನೆಗೂ ಸಿಗುತ್ತದೆ ಅನ್ನುವುದು ಅವನ ಲೆಕ್ಕ. 1707ರಲ್ಲಿ ಆ ವಿಧಾನಕ್ಕೆ ಪೇಟೆಂಟ್ ಪಡೆದ. 1709ರಲ್ಲಿ ಕೋಲ್‌ಬ್ರೂಕ್‌ಡೇಲ್ ಅನ್ನುವ ಊರಿನಲ್ಲಿ ಇದ್ದಿಲಿನ ಬದಲು ಕಲ್ಲಿದ್ದಲಿನಿಂದ ಮಾಡಿದ ಕೋಕ್ ಹಾಕಿ ಅದಿರು ಕರಗಿಸಿದ. ಮುಂದೆ ಕಬ್ಬಿಣದ ಸೇತುವೆ, ಉಗಿಯಂತ್ರ ಎಲ್ಲ ಬಂದದ್ದು ಇದೇ ಜಾಡಿನಲ್ಲಿ. ಅಡುಗೆ ಪಾತ್ರೆ ಅಗ್ಗವಾಗಲಿ ಅಂತ ಹೊರಟ ಕೆಲಸ ಅಷ್ಟು ದೂರ ಹೋಯಿತು ಅನ್ನುವುದು ನನಗೆ ಈಗಲೂ ಬೆರಗು.

"ಓವನ್" ಅನ್ನುವ ಮಾತಿನ ಅರ್ಥ ಅಮೆರಿಕದ ಹಳೆಯ ಪಾತ್ರೆ ನೋಡಿದರೆ ತಿಳಿಯುತ್ತದೆ. ಅದಕ್ಕೆ ಮೂರು ಕಾಲು. ಮುಚ್ಚಳ ಚಪ್ಪಟೆ, ಸುತ್ತಲೂ ಎತ್ತರದ ಅಂಚು. ಕಾಲುಗಳ ನಡುವೆ ಕೆಂಡ ಹರಡುತ್ತಿದ್ದರು, ಮುಚ್ಚಳದ ಮೇಲೂ ಕೆಂಡ ಹೇರುತ್ತಿದ್ದರು. ಕೆಂಡ ಜಾರದಿರಲಿ ಅಂತಲೇ ಆ ಅಂಚು. ಮೇಲಿನಿಂದಲೂ ಕೆಳಗಿನಿಂದಲೂ ಕಾವು ಬಂದಾಗ ಪಾತ್ರೆಯೇ ಓವನ್ ಆಗುತ್ತದೆ. ದಮ್ ಬಿರಿಯಾನಿಗೆ ಮುಚ್ಚಳದ ಮೇಲೆ ಕೆಂಡ ಇಡುವುದನ್ನು ನೋಡಿದ್ದೀರಲ್ಲ, ಅದೇ ತಂತ್ರ.

ಬಯಲಲ್ಲಿ ಅಡುಗೆ ಮಾಡುವ ಅಮೆರಿಕನ್ನರಿಗೆ ಕೆಂಡದ ಲೆಕ್ಕ ಬಾಯಿಪಾಠ. ಪಾತ್ರೆಯ ಅಗಲ 12 ಇಂಚಾದರೆ ಮೇಲೆ 15 ಇದ್ದಿಲುಂಡೆ, ಕೆಳಗೆ 9. ಅಂದರೆ ಅಗಲಕ್ಕೆ ಮೂರು ಕೂಡಿಸಿದಷ್ಟು ಮೇಲೆ, ಮೂರು ಕಳೆದಷ್ಟು ಕೆಳಗೆ. ಒಳಗೆ ಸುಮಾರು 175 ಡಿಗ್ರಿ ಸೆಲ್ಸಿಯಸ್ ಕಾವು ಸಿಗುತ್ತದೆ. ಕೆಳಗಿನ ಕೆಂಡದ ಬಿಸಿ ತಾನಾಗಿ ಮೇಲೇರಿ ತಳಕ್ಕೆ ತಾಕುತ್ತದೆ, ಮೇಲಿನ ಕೆಂಡದ ಬಿಸಿ ಬಹುಪಾಲು ಗಾಳಿಗೆ ಹೋಗುತ್ತದೆ. ಅದಕ್ಕೇ ಮೇಲೆ ಜಾಸ್ತಿ ಬೇಕು. ಯೂಟಾ ರಾಜ್ಯದವರು 1997ರಲ್ಲಿ ಡಚ್ ಓವನ್ನನ್ನು ತಮ್ಮ ರಾಜ್ಯದ ಅಧಿಕೃತ ಅಡುಗೆ ಪಾತ್ರೆ ಅಂತಲೇ ಘೋಷಿಸಿದರು.

ದಕ್ಷಿಣ ಆಫ್ರಿಕದಲ್ಲಿ ಇದರ ಗುಂಡುಹೊಟ್ಟೆಯ ಸಂಬಂಧಿ ಇದೆ, ಹೆಸರು ಪೊಯ್ಕಿ. ಫ್ರಾನ್ಸಿನಲ್ಲಿ ಕಾಲು ಹೋಗಿ ಬಣ್ಣ ಬಂತು. 1925ರಲ್ಲಿ ಎರಕ ಗೊತ್ತಿದ್ದ ಒಬ್ಬ, ಲೋಹಕ್ಕೆ ಎನಾಮಲ್ ಅನ್ನುವ ಬಣ್ಣದ ಲೇಪ ಹಾಕುವುದು ಗೊತ್ತಿದ್ದ ಇನ್ನೊಬ್ಬ ಸೇರಿ ಲ ಕ್ರೂಸೆ ಕಂಪನಿ ಶುರು ಮಾಡಿದರು. ಎರಕದ ಮೂಸೆಯಲ್ಲಿ ಕುದಿಯುವ ಲೋಹದ ಹಾಗಿರುವ ಅದರ ಕಿತ್ತಳೆ ಬಣ್ಣ ಇವತ್ತಿಗೂ ಮಾರಾಟದಲ್ಲಿದೆ.

ಬೀಡು ಅಂದರೆ ಏನು?

ಕಮ್ಮಾರ ಕಾಯಿಸಿ ಬಡಿದು ಮಾಡುವ ಕುಡುಗೋಲಿನ ಕಬ್ಬಿಣ ಬೇರೆ, ಕರಗಿಸಿ ಅಚ್ಚಿಗೆ ಹೊಯ್ಯುವ ಕಬ್ಬಿಣ ಬೇರೆ. ಎರಡನೆಯದಕ್ಕೆ ಬೀಡು ಅನ್ನುತ್ತೇವೆ. ಅದರಲ್ಲಿ ಸುಮಾರು ಶೇ. 2ರಿಂದ 4ರಷ್ಟು ಇಂಗಾಲ ಇರುತ್ತದೆ, ಸ್ವಲ್ಪ ಸಿಲಿಕಾನ್ ಕೂಡ. ಶುದ್ಧ ಕಬ್ಬಿಣ ಕರಗಲು 1,538 ಡಿಗ್ರಿ ಬೇಕು. ಇಂಗಾಲ ಸೇರಿದರೆ 1,200ರ ಆಸುಪಾಸಿನಲ್ಲೇ ನೀರಾಗುತ್ತದೆ. ಹಾಗಾಗಿ ಹೊಯ್ಯಲು ಸುಲಭ. ಆದರೆ ಅದೇ ಇಂಗಾಲದಿಂದ ಬೀಡಿಗೆ ಬಾಗುವ ಗುಣ ಹೋಗುತ್ತದೆ. ಕುಡುಗೋಲು ಕೆಳಗೆ ಬಿದ್ದರೆ ಬಾಗೀತು. ಬೀಡಿನ ಪಾತ್ರೆ ಸಿಮೆಂಟ್ ನೆಲಕ್ಕೆ ಬಿದ್ದರೆ ಮಡಕೆಯ ಹಾಗೆ ಒಡೆಯುತ್ತದೆ.

ಬೀಡು ನಮಗೆ ಹೊಸದಲ್ಲ. ಅಜ್ಜಿಯ ದೋಸೆ ಕಾವಲಿ, ಪಡ್ಡಿನ ಕಾವಲಿ ಎಲ್ಲ ಇದೇ. ಬೆಳಗಾವಿ, ಶಿವಮೊಗ್ಗದ ಫೌಂಡ್ರಿಗಳಲ್ಲಿ ಯಂತ್ರದ ಭಾಗಗಳನ್ನು ಹೊಯ್ಯುವುದೂ ಹೆಚ್ಚಾಗಿ ಇದೇ ಲೋಹದಲ್ಲಿ. ಹಾಗಾಗಿ ಡಚ್ ಓವನ್ ಅನ್ನು ಗೋಡೆ ಎದ್ದ, ಮುಚ್ಚಳ ಬಂದ ದೋಸೆ ಕಾವಲಿ ಅಂದುಕೊಳ್ಳಿ. ಅರ್ಧ ಭಯ ಅಲ್ಲೇ ಹೋಗುತ್ತದೆ. ಪಾತ್ರೆಯ ಮೈ ಕೈಗೆ ತರಿತರಿಯಾಗಿ ಸಿಕ್ಕಿದರೆ ಅದು ದೋಷವಲ್ಲ, ಅಚ್ಚಿನ ಮರಳಿನ ಗುರುತು. ಕೆಲವರು ಅದನ್ನು ಉಜ್ಜಿ ನುಣುಪು ಮಾಡಿ ಮಾರುತ್ತಾರೆ, ಅದಕ್ಕೆ ಬೆಲೆ ಹೆಚ್ಚು.

ಇಷ್ಟು ಭಾರ ಯಾಕೆ ಬೇಕು?

ಬೀಡು ಬಿಸಿಯನ್ನು ಬೇಗ ಹರಡುತ್ತದೆ ಅಂತ ಎಷ್ಟೋ ಜನ ನಂಬಿದ್ದಾರೆ. ನಿಜ ಅದಕ್ಕೆ ತದ್ವಿರುದ್ಧ. ಅಲ್ಯೂಮಿನಿಯಂ ಇದಕ್ಕಿಂತ ಸುಮಾರು ನಾಲ್ಕು ಪಟ್ಟು ಚೆನ್ನಾಗಿ ಬಿಸಿ ಸಾಗಿಸುತ್ತದೆ. ಬೀಡಿನ ಪಾತ್ರೆಯನ್ನು ದೊಡ್ಡ ಉರಿಯ ಮೇಲಿಟ್ಟರೆ ಉರಿ ತಾಕಿದ ಕಡೆ ಸೀಯುತ್ತದೆ, ಅಂಚು ತಣ್ಣಗೇ ಇರುತ್ತದೆ.

ಇದರ ಬಲ ಇರುವುದು ಬಿಸಿಯನ್ನು ಕೂಡಿಟ್ಟುಕೊಳ್ಳುವುದರಲ್ಲಿ. ಬಚ್ಚಲ ಹಂಡೆ ನೆನಪಿಸಿಕೊಳ್ಳಿ. ಹಂಡೆ ನೀರು ಕಾಯಲು ಹೊತ್ತು ಬೇಕು, ಕಾದ ಮೇಲೆ ಆರಲೂ ಹೊತ್ತು ಬೇಕು. ಚೊಂಬಿನ ನೀರು ಬೇಗ ಕಾದು ಬೇಗ ಆರುತ್ತದೆ. ಐದಾರು ಕಿಲೋ ಬೀಡು ಒಮ್ಮೆ ಕಾದರೆ ಹಂಡೆಯ ಹಾಗೆ. ತಣ್ಣನೆಯ ಮಾಂಸ ಹಾಕಿದರೂ, ಒಂದು ಸೇರು ತರಕಾರಿ ಸುರಿದರೂ ಕಾವು ಕುಸಿಯುವುದಿಲ್ಲ. ಆದ್ದರಿಂದ ಸಣ್ಣ ಉರಿಯಲ್ಲಿ ಹತ್ತು ನಿಮಿಷ ಕಾಯಿಸಿ, ಆಮೇಲೆ ಅಡುಗೆ ಶುರು ಮಾಡಿ.

ಭಾರದ ಮುಚ್ಚಳಕ್ಕೂ ಕೆಲಸ ಇದೆ. ಆವಿ ಎದ್ದು ಮುಚ್ಚಳಕ್ಕೆ ತಾಕಿ, ಹನಿಯಾಗಿ ಮತ್ತೆ ಅಡುಗೆಗೇ ಬೀಳುತ್ತದೆ. ಹಗುರ ಮುಚ್ಚಳವಾದರೆ ಆವಿ ಅದನ್ನು ಎತ್ತಿಕೊಂಡು ಹೊರಗೆ ಹೋಗುತ್ತದೆ. ಫ್ರೆಂಚರು ಗಟ್ಟಿ ಮಾಂಸವನ್ನು ವೈನ್ ಹಾಕಿ ಮೂರು ಗಂಟೆ ಬೇಯಿಸಿದರೂ ಅಡಿ ಹಿಡಿಯದಿರುವುದಕ್ಕೆ ಇದೇ ಕಾರಣ. ಕೆಲವು ಮುಚ್ಚಳಗಳ ಒಳಮೈಯಲ್ಲಿ ಸಾಲಾಗಿ ಗುಬುಟುಗಳಿರುತ್ತವೆ, ಹನಿ ಅಂಚಿಗೆ ಹರಿದು ಹೋಗದೆ ಎಲ್ಲ ಕಡೆ ಬೀಳಲಿ ಅಂತ.

ಇದನ್ನು ಪ್ರೆಶರ್ ಕುಕ್ಕರ್ ಅಂದುಕೊಳ್ಳಬೇಡಿ. ಒಳಗೆ ಒತ್ತಡ ಏರುವುದಿಲ್ಲ, ಬೇಳೆ ಹತ್ತು ನಿಮಿಷದಲ್ಲಿ ಬೇಯುವುದಿಲ್ಲ. ಇದು ಪುರುಸೊತ್ತಿನ ಅಡುಗೆಯ ಪಾತ್ರೆ.

ಬರೀ ಬೀಡೋ, ಎನಾಮಲ್ಲೋ?

ಕೊಳ್ಳುವವರು ಮೊದಲು ಉತ್ತರಿಸಬೇಕಾದ ಪ್ರಶ್ನೆ ಇದೊಂದೇ. ಬಣ್ಣ, ಕಂಪನಿ, ಬೆಲೆ ಎಲ್ಲ ಆಮೇಲೆ.

ಬರೀ ಬೀಡಿನ ಪಾತ್ರೆಯಲ್ಲಿ ಅಡುಗೆಗೂ ಲೋಹಕ್ಕೂ ನಡುವೆ ಇರುವುದು ಪಳಗಿದ, ಅಂದರೆ ಹಚ್ಚಿ ಕಾಯಿಸಿ ಗಟ್ಟಿಯಾದ, ಎಣ್ಣೆಯ ಒಂದು ತೆಳು ಪದರ ಮಾತ್ರ. ಎನಾಮಲ್ ಪಾತ್ರೆಯಲ್ಲಿ ನಡುವೆ ಗಾಜಿದೆ. ಹೌದು, ಎನಾಮಲ್ ಅಂದರೆ ಗಾಜೇ. ಗಾಜಿನ ಪುಡಿಯನ್ನು ಲೋಹದ ಮೇಲೆ ಬಳಿದು ಸುಮಾರು 800 ಡಿಗ್ರಿಯಲ್ಲಿ ಸುಟ್ಟರೆ ಅದು ಕರಗಿ ಅಂಟಿಕೊಳ್ಳುತ್ತದೆ. ಹಿಂದೆ ಸರ್ಕಾರಿ ಆಸ್ಪತ್ರೆಗಳಲ್ಲಿ ನೀಲಿ ಅಂಚಿನ ಬಿಳಿ ತಟ್ಟೆ, ಲೋಟ ಇರುತ್ತಿದ್ದವಲ್ಲ, ಚಕ್ಕೆ ಎದ್ದ ಕಡೆ ಕಪ್ಪು ಕಾಣುತ್ತಿತ್ತಲ್ಲ, ಅದೇ ಎನಾಮಲ್.

ಈಗ ನನ್ನ ಸಾರಿಗೆ ಬರೋಣ. ಹುಣಸೆಹಣ್ಣಿನಿಂದ ಹಿತ್ತಾಳೆ ದೀಪ ಉಜ್ಜಿದರೆ ಫಳಫಳ ಹೊಳೆಯುತ್ತದೆ. ಹುಳಿ ಲೋಹದ ಮೇಲಿನ ಕೊಳೆಯನ್ನು ಕರಗಿಸುತ್ತದೆ. ಬೀಡಿನ ಪಾತ್ರೆಯಲ್ಲೂ ಅದು ಅದನ್ನೇ ಮಾಡುತ್ತದೆ, ಪಳಗಿದ ಪದರವನ್ನು ತಿಂದು ಕಬ್ಬಿಣವನ್ನು ಸಾರಿಗೆ ಬಿಡುತ್ತದೆ. ಅದಕ್ಕೇ ಆ ರುಚಿ. ಕಪ್ಪು ಬಣ್ಣಕ್ಕೆ ಹುಳಿಯ ಜೊತೆ ಇನ್ನೊಂದು ಕಾರಣ ಚೊಗರು. ಹುಣಸೆ, ನೆಲ್ಲಿಕಾಯಿ, ಬಾಳೆಹೂವಿನಂಥ ಪದಾರ್ಥಗಳಲ್ಲಿರುವ ಚೊಗರು ಕಬ್ಬಿಣಕ್ಕೆ ಸೇರಿದರೆ ಕಪ್ಪು ಹುಟ್ಟುತ್ತದೆ. ಆಂಧ್ರದ ಕಲಂಕಾರಿ ಬಟ್ಟೆಯ ಕಪ್ಪು ಗೆರೆಗಳು ಹುಟ್ಟುವುದೂ ಹೀಗೇ. ಅಳಲೆಕಾಯಿಯ ಚೊಗರು ಕುಡಿದ ಬಟ್ಟೆಯ ಮೇಲೆ, ಬೆಲ್ಲದ ನೀರಿನಲ್ಲಿ ಕಬ್ಬಿಣ ಕೊಳೆಸಿದ ರಸದಿಂದ ಬರೆಯುತ್ತಾರೆ. ನನ್ನ ಪಾತ್ರೆಯಲ್ಲಿ ಅವತ್ತು ಆಗಿದ್ದು ಅದೇ ಬಣ್ಣಗಾರಿಕೆ.

ಆದ್ದರಿಂದ ನಿಮ್ಮ ಮನೆ ಅಡುಗೆ ನೋಡಿ ಆರಿಸಿ. ಹುಳಿ, ಸಾರು, ಗೊಜ್ಜು, ಬಿಸಿಬೇಳೆಬಾತು, ಟೊಮೆಟೊ ಹಾಕಿದ ಗ್ರೇವಿ ಇವೇ ಹೆಚ್ಚಾದರೆ ಎನಾಮಲ್ ಒಳ್ಳೆಯದು. ಪಲ್ಯ, ಹುರಿಯುವುದು, ಕರಿಯುವುದು, ಬ್ರೆಡ್, ಸೌದೆ ಒಲೆ ಅಥವಾ ಕೆಂಡದ ಅಡುಗೆ ನಿಮ್ಮದಾದರೆ ಬರೀ ಬೀಡು ತೆಗೆದುಕೊಳ್ಳಿ. ಅದಕ್ಕೆ ಬೆಲೆ ಕಡಿಮೆ. ಪದರ ಹೋದರೂ ಮತ್ತೆ ಕಟ್ಟಬಹುದು. ಎನಾಮಲ್ ಚಕ್ಕೆ ಎದ್ದರೆ ಮನೆಯಲ್ಲಿ ಸರಿಮಾಡಲು ಆಗುವುದಿಲ್ಲ. ನಮ್ಮ ಕಡೆ ಅಡುಗೆಗೆ ಹುಳಿ ಬೀಳದ ದಿನ ಕಡಿಮೆ. ಒಂದೇ ಪಾತ್ರೆ ಕೊಳ್ಳುವವರಿಗೆ ನಾನು ಎನಾಮಲ್ ಅನ್ನೇ ಹೇಳುತ್ತೇನೆ.

ಎನಾಮಲ್‌ನಲ್ಲಿ ಒಳಮೈ ತಿಳಿಬಣ್ಣದ್ದಾದರೆ ಈರುಳ್ಳಿ ಎಷ್ಟು ಕೆಂಪಾಯಿತು ಅಂತ ಕಾಣುತ್ತದೆ, ಆದರೆ ಅರಿಸಿನದ ಕಲೆ ಕೂರುತ್ತದೆ. ಕಪ್ಪಾದರೆ ಕಲೆ ಕಾಣುವುದಿಲ್ಲ. ದುಬಾರಿ ಪಾತ್ರೆಗೂ ಅಗ್ಗದ್ದಕ್ಕೂ ಅಡುಗೆಯ ರುಚಿಯಲ್ಲಿ ದೊಡ್ಡ ವ್ಯತ್ಯಾಸ ಇಲ್ಲ. ಹೆಚ್ಚಿನ ಹಣ ಹೋಗುವುದು ಎನಾಮಲ್‌ನ ಗಟ್ಟಿತನಕ್ಕೆ, ಹೊಳಪಿಗೆ, ಹೆಸರಿಗೆ.

ಕಬ್ಬಿಣದ ಅಂಶದ ವಿಷಯ ಕೇಳುವವರೂ ಇದ್ದಾರೆ. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ದೇಶದ 15ರಿಂದ 49 ವಯಸ್ಸಿನ ಹೆಂಗಸರಲ್ಲಿ ಶೇ. 57ರಷ್ಟು ಜನರಿಗೆ ರಕ್ತಹೀನತೆ ಇದೆ. ಬರೀ ಬೀಡಿನಲ್ಲಿ ಬೇಯಿಸಿದ ಅಡುಗೆಗೆ ಸ್ವಲ್ಪ ಕಬ್ಬಿಣ ಸೇರುವುದು ನಿಜ, ಹುಳಿ ಇದ್ದಷ್ಟೂ ಜಾಸ್ತಿ. ಎನಾಮಲ್‌ನಿಂದ ಸೇರುವುದಿಲ್ಲ. ಆದರೆ ಪಾತ್ರೆ ಡಾಕ್ಟರ್ ಕೊಟ್ಟ ಮಾತ್ರೆಗೆ ಬದಲಲ್ಲ. ಥಲಸ್ಸೇಮಿಯಾದಂಥ ತೊಂದರೆಯಿಂದ ಮೈಯಲ್ಲಿ ಕಬ್ಬಿಣ ಹೆಚ್ಚಾಗುವವರು ವೈದ್ಯರನ್ನು ಕೇಳಿಯೇ ಇಂಥ ಪಾತ್ರೆ ಬಳಸಬೇಕು.

ಅಂಗಡಿಯಲ್ಲಿ ನೋಡಬೇಕಾದದ್ದು

ಇಬ್ಬರು ಮೂವರಿಗೆ 3–4 ಲೀಟರ್ ಸಾಕು. ನಾಲ್ಕೈದು ಜನಕ್ಕೆ, ಅಥವಾ ಬ್ರೆಡ್ ಮಾಡುವ ಆಸೆ ಇದ್ದರೆ, 5 ಲೀಟರ್ ಆಸುಪಾಸಿನ ದುಂಡು ಪಾತ್ರೆ. ಅದರ ಅಗಲ 24–26 ಸೆಂ.ಮೀ. ಇರುತ್ತದೆ. ಅಂಡಾಕಾರದ್ದು ನಮ್ಮ ಗ್ಯಾಸ್ ಒಲೆಗೆ ಹೊಂದುವುದಿಲ್ಲ, ಎರಡು ತುದಿ ತಣ್ಣಗಿರುತ್ತವೆ. ಮೂರು ಕಾಲಿನದು ಬಯಲಿಗೆ ಸರಿ, ಅಡುಗೆಮನೆಗಲ್ಲ.

5 ಲೀಟರ್ ಪಾತ್ರೆ ಖಾಲಿ ಇದ್ದಾಗಲೇ 5–6 ಕೆಜಿ. ಅಡುಗೆ ತುಂಬಿದರೆ 9 ಕೆಜಿ ಸಮೀಪ ಬರುತ್ತದೆ, ಅದೂ ಬಿಸಿಬಿಸಿ. ಅಂಗಡಿಯಲ್ಲಿ ಎರಡೂ ಕಿವಿ ಹಿಡಿದು ಎತ್ತಿ ನೋಡಿ. ದಪ್ಪ ಬಟ್ಟೆ ಹಿಡಿದ ಬೆರಳು ಕಿವಿಯೊಳಗೆ ಪೂರ್ತಿ ಹೋಗಬೇಕು. ಮಣಿಕಟ್ಟು, ಸೊಂಟದ ನೋವಿರುವ ಹಿರಿಯರಿಗೆ ಉಡುಗೊರೆ ಕೊಡುವ ಮುಂಚೆ ಇದನ್ನು ಯೋಚಿಸಿ.

ಮಡಕೆ ಕೊಳ್ಳುವಾಗ ಬೆರಳಿನಲ್ಲಿ ತಟ್ಟಿ ಸದ್ದು ಕೇಳುತ್ತೇವೆ. ಇಲ್ಲೂ ಹಾಗೇ. ಮರದ ಸೌಟಿನಿಂದ ಮೆಲ್ಲಗೆ ತಟ್ಟಿ. ಗಟ್ಟಿ ಪಾತ್ರೆ ಖಣ್ ಅಂತ ಗಂಟೆಯ ಹಾಗೆ ನುಡಿಯುತ್ತದೆ. ಬಿರುಕಿದ್ದರೆ ಸದ್ದು ಮಂಕಾಗಿರುತ್ತದೆ. ಮುಚ್ಚಳ ಇಟ್ಟು ಅಲ್ಲಾಡಿಸಿ, ಒಂದು ಕಡೆ ಕುಣಿಯುತ್ತಿದ್ದರೆ ಬೇಡ. ಮುಚ್ಚಳದ ಗುಬುಟು ಪ್ಲಾಸ್ಟಿಕ್ಕಿನಂಥದ್ದಾದರೆ ಅದು ಎಷ್ಟು ಡಿಗ್ರಿ ತಾಳುತ್ತದೆ ಅಂತ ಕೇಳಿ. ಬ್ರೆಡ್ ಮಾಡುವವರಿಗೆ ಸ್ಟೀಲಿನ ಗುಬುಟೇ ಸರಿ.

ಇಂಡಕ್ಷನ್ ಒಲೆಯಲ್ಲಿ ಬೀಡು ಚೆನ್ನಾಗಿ ಕಾಯುತ್ತದೆ, ಆಯಸ್ಕಾಂತ ಹಿಡಿಯುವ ಲೋಹ ತಾನೆ. ಆದರೆ ಗಾಜಿನ ಮೇಲೆ ಎಳೆದಾಡಬೇಡಿ, ಎತ್ತಿ ಇಡಿ. ಮನೆಯಲ್ಲಿ ಓಟಿಜಿ (ಮೇಜಿನ ಮೇಲಿಡುವ ಕರೆಂಟಿನ ಓವನ್) ಇದ್ದರೆ ಟೇಪು ಹಿಡಿದು ಅದರ ಒಳಗಿನ ಎತ್ತರ ಅಳೆದುಕೊಂಡೇ ಅಂಗಡಿಗೆ ಹೋಗಿ. ಮುಚ್ಚಳ ಸೇರಿದ ಪಾತ್ರೆ ಚಿಕ್ಕ ಓಟಿಜಿಯೊಳಗೆ ಹಿಡಿಸದೆ ಎಷ್ಟೋ ಜನ ಪೇಚಾಡಿದ್ದಾರೆ.

ಹಳೆಯ ಪಾತ್ರೆ ಸಿಕ್ಕಿದರೆ ಒಂದು ಎಚ್ಚರ. ಹಿಂದೆ ಕೆಲವರು ಬೀಡಿನ ಪಾತ್ರೆಯಲ್ಲಿ ಸೀಸ ಕರಗಿಸುತ್ತಿದ್ದರು, ಗುಂಡಿಗೋ ಮೀನಿನ ಗಾಳದ ಭಾರಕ್ಕೋ. ಎಲ್ಲಿಂದ ಬಂತು ಅಂತ ಗೊತ್ತಿಲ್ಲದ ಪಾತ್ರೆಯಲ್ಲಿ ಅಡುಗೆ ಬೇಡ.

ಪಳಗಿಸುವುದು ಅಂದರೆ ನಿಜವಾಗಿ ಏನಾಗುತ್ತದೆ?

ಇದು ಬರೀ ಬೀಡಿಗೆ ಮಾತ್ರ. ಎನಾಮಲ್‌ಗೆ ಪಳಗಿಸುವ ಕೆಲಸ ಇಲ್ಲ.

ಹೊಸ ಕ್ರಿಕೆಟ್ ಬ್ಯಾಟಿಗೆ ಅಗಸೆ ಎಣ್ಣೆ ಹಚ್ಚಿ ಒಣಗಿಸುವುದು ಹುಡುಗರಿಗೆಲ್ಲ ಗೊತ್ತು. ನಾಲ್ಕು ದಿನ ಬಿಟ್ಟು ಮುಟ್ಟಿದರೆ ಎಣ್ಣೆ ಕೈಗೆ ಹತ್ತುವುದಿಲ್ಲ, ಗಟ್ಟಿ ಪೊರೆಯಾಗಿರುತ್ತದೆ. ಅದು ನೀರಿನ ಹಾಗೆ ಆರಿ ಹೋದದ್ದಲ್ಲ. ಗಾಳಿ ತಾಕಿ ಎಣ್ಣೆಯ ಕಣಗಳು ಒಂದಕ್ಕೊಂದು ಕೊಂಡಿ ಹಾಕಿಕೊಂಡು ಬಲೆಯಾಗಿವೆ. ಬಿಸಿ ಪಾತ್ರೆಯ ಮೇಲೆ ಇದೇ ಕೆಲಸ ಗಂಟೆಯೊಳಗೆ ನಡೆಯುತ್ತದೆ. ಆ ಬಲೆ ಬೀಡಿನ ತರಿತರಿ ಮೈಯನ್ನು ಹಿಡಿದು ಕೂರುತ್ತದೆ, ನೀರು ಲೋಹಕ್ಕೆ ತಾಕದ ಹಾಗೆ ತಡೆಯುತ್ತದೆ, ಅಡುಗೆ ಅಂಟದಂತೆ ಮಾಡುತ್ತದೆ. ಪಳಗಿದ ಕಾವಲಿ ಕಪ್ಪಗೆ ಮಿರುಗುವುದು ಇದರಿಂದಲೇ.

ಯಾವ ಎಣ್ಣೆ? ಬೇಗ ಕೊಂಡಿ ಹಾಕಿಕೊಳ್ಳುವ ಎಣ್ಣೆ ಬೇಕು. ಸೂರ್ಯಕಾಂತಿ ಚೆನ್ನ. ಉತ್ತರ ಕರ್ನಾಟಕದವರ ಕುಸುಬೆ ಎಣ್ಣೆ ಇನ್ನೂ ಚೆನ್ನ. ಕಡಲೆಕಾಯಿ ಎಣ್ಣೆಯೂ ನಡೆಯುತ್ತದೆ. ತೆಂಗಿನೆಣ್ಣೆಯ ಕಣಗಳು ಅಷ್ಟಾಗಿ ಕೊಂಡಿ ಹಾಕಿಕೊಳ್ಳುವುದಿಲ್ಲ, ಆದ್ದರಿಂದ ಈ ಕೆಲಸಕ್ಕೆ ಬೇಡ. ಅಗಸೆ ಎಣ್ಣೆಯ ಪೊರೆ ಎಲ್ಲಕ್ಕಿಂತ ಗಟ್ಟಿ, ಆದರೆ ಪಾತ್ರೆ ಕಾದು ಆರಿ ಕಾದು ಆರಿ ಹಾಳೆಹಾಳೆಯಾಗಿ ಏಳುವುದುಂಟು.

ಮಾಡುವ ಕ್ರಮ ಹೀಗೆ. ಪಾತ್ರೆಯನ್ನು ಸೋಪು ಹಾಕಿ ತೊಳೆದು, ಒಲೆಯ ಮೇಲಿಟ್ಟು ತೇವ ಪೂರ್ತಿ ಆರಿಸಿ. ಬೆಚ್ಚಗಿರುವಾಗ ಒಂದು ಚಮಚ ಎಣ್ಣೆಯನ್ನು ಒಳಗೆ, ಹೊರಗೆ, ಮುಚ್ಚಳಕ್ಕೆ, ಕಿವಿಗೆ ಎಲ್ಲ ಹಚ್ಚಿ. ಆಮೇಲೆ ಒಣ ಬಟ್ಟೆ ತೆಗೆದುಕೊಂಡು, ಎಣ್ಣೆ ತಪ್ಪಾಗಿ ಬಿದ್ದಿದೆ ಅನ್ನುವ ಹಾಗೆ ಪೂರ್ತಿ ಒರೆಸಿ. ಈ ಒರೆಸುವುದೇ ಮುಖ್ಯ. ಎಣ್ಣೆ ದಪ್ಪಗೆ ಉಳಿದರೆ ಮೇಲೆ ಮಾತ್ರ ಗಟ್ಟಿಯಾಗಿ ಒಳಗೆ ಜಿಗುಟು ಉಳಿಯುತ್ತದೆ. ಪಳಗಿಸಿದ ಮೇಲೆ ಅಂಟಂಟು ಆಗಿದೆ ಅನ್ನುವವರೆಲ್ಲ ಎಡವುವುದು ಇಲ್ಲೇ. ಬೋರಲಾಗಿ ಓವನ್‌ನಲ್ಲಿಟ್ಟು 230 ಡಿಗ್ರಿಯಲ್ಲಿ ಒಂದು ಗಂಟೆ ಕಾಯಿಸಿ, ಅಲ್ಲೇ ತಣಿಯಲು ಬಿಡಿ. ಹೀಗೆ ಮೂರು ಸಲ. ಹೊಗೆ ಬರುತ್ತದೆ, ಕಿಟಕಿ ತೆರೆದಿರಲಿ.

ಓವನ್ ಇಲ್ಲದಿದ್ದರೆ ಗ್ಯಾಸಿನ ಸಣ್ಣ ಉರಿಯಲ್ಲೂ ಆಗುತ್ತದೆ. ಗೋಡೆಗಳಿಗೆ ಕಾವು ಕಡಿಮೆ ತಾಕುವುದರಿಂದ ನಿಧಾನ ಆಗುತ್ತದೆ ಅಷ್ಟೇ. ಮೊದಲ ಎರಡು ವಾರ ಕರಿಯಲು, ಒಗ್ಗರಣೆಗೆ, ಈರುಳ್ಳಿ ಹುರಿಯಲು ಅದನ್ನೇ ಬಳಸಿ. ಪದರ ತಾನಾಗಿ ಬೆಳೆಯುತ್ತದೆ.

ನಮ್ಮ ಮನೆಗಳಲ್ಲಿ ಹೊಸ ಕಾವಲಿಯನ್ನು ಅಕ್ಕಿ ತೊಳೆದ ನೀರಿನಲ್ಲಿ ದಿನಗಟ್ಟಲೆ ನೆನೆಹಾಕುವ ಪದ್ಧತಿ ಇದೆ. ಅದಕ್ಕೂ ಅರ್ಥ ಇದೆ. ಹುಳಿಯೇರಿದ ಆ ನೀರು ಅಚ್ಚಿನ ಮರಳು, ಸಡಿಲ ತುಕ್ಕು, ಕಾರ್ಖಾನೆಯ ಕಪ್ಪನ್ನು ಬಿಡಿಸುತ್ತದೆ. ಬೂದುಬಣ್ಣದ ಹಸಿ ಬೀಡು ಕೊಂಡವರಿಗೆ ಇದು ಒಳ್ಳೆಯ ಮೊದಲ ಹೆಜ್ಜೆ. ಆದರೆ ಇದು ತೊಳೆಯುವ ಕೆಲಸ. ಪದರ ಕಟ್ಟುವುದು ಎಣ್ಣೆ ಮತ್ತು ಬಿಸಿ. ಕಪ್ಪಗಿರುವ, ಕಾರ್ಖಾನೆಯಲ್ಲೇ ಪಳಗಿಸಿದ ಪಾತ್ರೆಗೆ ಈ ನೆನೆಸುವಿಕೆ ಬೇಡ, ಇದ್ದ ಪದರವೂ ಹೋದೀತು. ಅಮೆರಿಕದ ಲಾಡ್ಜ್ 1896ರಲ್ಲಿ ಶುರುವಾದ ಕಂಪನಿ. ಪಳಗಿಸಿ ಮಾರುವುದನ್ನು ಅವರು ಶುರು ಮಾಡಿದ್ದು 2002ರಲ್ಲಿ. ಅಲ್ಲಿಯವರೆಗೆ ಅಲ್ಲಿನ ಅಜ್ಜಿಯರೂ ನಮ್ಮ ಅಜ್ಜಿಯರ ಹಾಗೆ ಮನೆಯಲ್ಲೇ ಪಳಗಿಸುತ್ತಿದ್ದರು.

ದಿನದಿನದ ಆರೈಕೆ, ತುಕ್ಕು ಹಿಡಿದರೆ ಮಾಡುವುದು

ಅಡುಗೆ ಮುಗಿದ ಮೇಲೆ ಉಳಿದದ್ದನ್ನು ಬೇರೆ ಪಾತ್ರೆಗೆ ತೆಗೆಯಿರಿ. ರಾತ್ರಿಯಿಡೀ ಅದರಲ್ಲೇ ಬಿಡಬೇಡಿ. ಪಾತ್ರೆ ಬೆಚ್ಚಗಿರುವಾಗಲೇ ಬಿಸಿನೀರು, ತೆಂಗಿನ ನಾರು ಹಿಡಿದು ಉಜ್ಜಿ. ಏನಾದರೂ ಅಂಟಿದ್ದರೆ ಒಂದು ಹಿಡಿ ಕಲ್ಲುಪ್ಪು ಹಾಕಿ ಒಣ ಬಟ್ಟೆಯಲ್ಲಿ ಉಜ್ಜಿ, ಅದು ಸಾಕು.

ಸೋಪು ಮುಟ್ಟಿಸಲೇಬಾರದು ಅನ್ನುವ ಮಾತು ಹಳೆಯ ಕಾಲದ್ದು. ಆಗಿನ ಸೋಪಿನಲ್ಲಿ ಕಾಸ್ಟಿಕ್ ಸೋಡಾ ಉಳಿದಿರುತ್ತಿತ್ತು, ಅದು ಎಣ್ಣೆಯ ಪದರವನ್ನು ತಿನ್ನುತ್ತಿತ್ತು. ಈಗಿನ ಪಾತ್ರೆ ತೊಳೆಯುವ ದ್ರವದ ಒಂದೆರಡು ಹನಿಯಿಂದ ಏನೂ ಆಗುವುದಿಲ್ಲ. ತೊಂದರೆ ಮಾಡುವುದು ನೆನೆಹಾಕುವುದು ಮತ್ತು ಡಿಶ್‌ವಾಷರ್.

ತೊಳೆದ ಮೇಲೆ ಬಟ್ಟೆಯಲ್ಲಿ ಒರೆಸಿ, ಒಲೆಯ ಮೇಲೆ ಎರಡು ನಿಮಿಷ ಇಟ್ಟು ತೇವ ಪೂರ್ತಿ ಹೋಗಲಿ. ನಾನು ತಪ್ಪಿದ್ದು ಈ ಎರಡು ನಿಮಿಷ. ತುಕ್ಕಿಗೆ ಬೇಕಾದದ್ದು ನೀರು ಮತ್ತು ಗಾಳಿ, ಬೋರಲು ಹಾಕಿದ ಒದ್ದೆ ಪಾತ್ರೆಯಲ್ಲಿ ಎರಡೂ ಇದ್ದವು. ಆಮೇಲೆ ನಾಲ್ಕು ಹನಿ ಎಣ್ಣೆ ಸವರಿ, ಒರೆಸಿ, ಮುಚ್ಚಳದ ಕೆಳಗೆ ಮಡಿಸಿದ ಕಾಗದ ಇಟ್ಟು ಗಾಳಿಯಾಡುವ ಹಾಗೆ ಇಡಿ. ಮಲೆನಾಡು, ಕರಾವಳಿಯ ಜೂನ್–ಜುಲೈನಲ್ಲಿ ಮುಚ್ಚಳ ಬಿಗಿಯಾಗಿ ಮುಚ್ಚಿಟ್ಟ ಪಾತ್ರೆ ಬಳಸದೆಯೇ ತುಕ್ಕು ಹಿಡಿಯುತ್ತದೆ. ತಿಂಗಳುಗಟ್ಟಲೆ ಎತ್ತಿಡುವಾಗ ಎಣ್ಣೆ ಜಾಸ್ತಿ ಹಚ್ಚಬೇಡಿ, ಕಮಟು ವಾಸನೆ ಬರುತ್ತದೆ.

ತುಕ್ಕು ಬಂದೇ ಬಿಟ್ಟರೆ ಗಾಬರಿ ಬೇಡ. ಅದು ಮೇಲ್ಮೈಯ ಸಂಗತಿ. ಸ್ಟೀಲ್ ನಾರಿನಲ್ಲಿ ಗಟ್ಟಿಯಾಗಿ ಉಜ್ಜಿ. ಹೋಗದಿದ್ದರೆ ಅರ್ಧ ವಿನೆಗರ್, ಅರ್ಧ ನೀರು ಬೆರೆಸಿ ಅರ್ಧ ಗಂಟೆ ನೆನೆಸಿ ಉಜ್ಜಿ, ಅದಕ್ಕಿಂತ ಹೊತ್ತು ಬೇಡ. ವಿನೆಗರ್ ತುಕ್ಕು ಮುಗಿಸಿ ಕಬ್ಬಿಣಕ್ಕೇ ಕೈ ಹಾಕುತ್ತದೆ. ತೊಳೆದು, ಆರಿಸಿ, ಮೂರು ಸಲ ಪಳಗಿಸಿ. ಅಕ್ಕನ ಪಾತ್ರೆ ಒಂದು ಭಾನುವಾರದಲ್ಲಿ ಮೊದಲಿನಂತಾಯಿತು.

ಎನಾಮಲ್‌ಗೆ ಬೇಕಾದ ಜಾಗ್ರತೆ ಬೇರೆ

ಗಾಜಿಗೆ ತುಕ್ಕಿಲ್ಲ, ಹುಳಿಯ ಭಯವಿಲ್ಲ. ಆದರೆ ಬಿಸಿಯಾದಾಗ ಗಾಜೂ ಬೀಡೂ ಒಂದೇ ಸಮ ಹಿಗ್ಗುವುದಿಲ್ಲ. ನಿಧಾನವಾಗಿ ಕಾದರೆ ಹೊಂದಿಕೊಳ್ಳುತ್ತವೆ. ಕಾದ ಪಾತ್ರೆಗೆ ತಣ್ಣೀರು ಸುರಿದರೆ ಗಾಜು ಸಿಡಿಯುತ್ತದೆ, ಬಿಸಿ ಲೋಟಕ್ಕೆ ಐಸ್ ಹಾಕಿದ ಹಾಗೆ. ಆದ್ದರಿಂದ ಖಾಲಿ ಪಾತ್ರೆಯನ್ನು ದೊಡ್ಡ ಉರಿಯಲ್ಲಿ ಇಡಬೇಡಿ. ಮಧ್ಯಮ ಉರಿ ದಾಟುವ ಅಗತ್ಯ ಬರುವುದೇ ಇಲ್ಲ. ಸ್ಟೀಲ್ ಸೌಟನ್ನು ಅಂಚಿಗೆ ಕುಟ್ಟುವ ಅಭ್ಯಾಸ ಇದ್ದರೆ ಮರದ ಸೌಟು ತನ್ನಿ. ಅರಿಸಿನದ ಕಲೆ, ಸೀದ ಗುರುತಿಗೆ ಎರಡು ಚಮಚ ಅಡುಗೆ ಸೋಡಾ ಹಾಕಿದ ನೀರನ್ನು ಹತ್ತು ನಿಮಿಷ ಕುದಿಸಿದರೆ ಬಹುಪಾಲು ಏಳುತ್ತದೆ. ಹೊರಮೈಯಲ್ಲಿ ಚಕ್ಕೆ ಎದ್ದರೆ ಅಂದ ಹೋಯಿತು ಅಷ್ಟೇ. ಒಳಮೈಯಲ್ಲಿ ಏಳುತ್ತಿದ್ದರೆ ಅಡುಗೆಗೆ ಬಳಸಬೇಡಿ, ಊಟದಲ್ಲಿ ಗಾಜಿನ ಚೂರು ಬರಬಹುದು.

ಬ್ರೆಡ್‌ಗೆ ಇದೇ ಪಾತ್ರೆ ಯಾಕೆ?

ನ್ಯೂಯಾರ್ಕಿನ ಬೇಕರ್ ಜಿಮ್ ಲಾಹಿ ನಾದದೆ ಮಾಡುವ ಬ್ರೆಡ್ಡಿನ ವಿಧಾನ 2006ರಲ್ಲಿ ಪತ್ರಿಕೆಯಲ್ಲಿ ಬಂತು. ಡಚ್ ಓವನ್ ಮತ್ತೆ ಮನೆಮಾತಾದದ್ದರಲ್ಲಿ ಅದರ ಪಾಲು ದೊಡ್ಡದು. ಬೇಕರಿಯ ದೊಡ್ಡ ಓವನ್‌ಗೆ ಆವಿ ಬಿಡುತ್ತಾರೆ. ಆವಿ ಇದ್ದರೆ ಹಿಟ್ಟಿನ ಮೇಲ್ಮೈ ಬೇಗ ಒಣಗಿ ಬಿಗಿಯುವುದಿಲ್ಲ, ಒಳಗಿನ ಗಾಳಿ ಹಿಗ್ಗಿ ಬ್ರೆಡ್ ಉಬ್ಬಲು ಅವಕಾಶ ಸಿಗುತ್ತದೆ. ಮನೆಯ ಓವನ್‌ನಲ್ಲಿ ಆವಿ ನಿಲ್ಲುವುದಿಲ್ಲ. ಬಿಗಿ ಮುಚ್ಚಳದ ಪಾತ್ರೆಯೊಳಗೆ ಹಿಟ್ಟಿನದೇ ತೇವ ಆವಿಯಾಗಿ ಅಲ್ಲೇ ಉಳಿಯುತ್ತದೆ. ಪಾತ್ರೆಯನ್ನು 230 ಡಿಗ್ರಿಗೆ ಕಾಯಿಸಿ, ಹಿಟ್ಟು ಇಳಿಸಿ, ಅರ್ಧ ಗಂಟೆ ಮುಚ್ಚಿ, ಆಮೇಲೆ ಮುಚ್ಚಳ ತೆಗೆದು ಹದಿನೈದು ಇಪ್ಪತ್ತು ನಿಮಿಷ ಬಿಟ್ಟರೆ ಮೇಲ್ಪದರ ಕಂದಾಗಿ ಗರಿಗರಿಯಾಗುತ್ತದೆ. ಎನಾಮಲ್ ಪಾತ್ರೆಯನ್ನು ಹೀಗೆ ಖಾಲಿ ಕಾಯಿಸಬಹುದೇ ಅಂತ ಅದರ ಜೊತೆ ಬಂದ ಚೀಟಿ ನೋಡಿ.

ಹೊರತೆಗೆದ ಮೇಲೆ ಒಂದು ಮಾತು ನೆನಪಿಡಿ. ಈ ಪಾತ್ರೆ ಬಿಸಿಯಾಗಿದ್ದರೂ ತಣ್ಣಗಿದ್ದರೂ ಕಾಣುವುದು ಒಂದೇ ಥರ, ಇಳಿಸಿ ಅರ್ಧ ಗಂಟೆಯಾದರೂ ಕೈ ಸುಡುತ್ತದೆ. ಅಕ್ಕನ ಮನೆಯಲ್ಲಿ ಮಕ್ಕಳಿದ್ದಾರೆ. ಅವಳು ಪಾತ್ರೆ ಇಳಿಸಿದ ಕೂಡಲೇ ಮುಚ್ಚಳದ ಮೇಲೆ ಒಂದು ಕೆಂಪು ಬಟ್ಟೆ ಹಾಕಿಬಿಡುತ್ತಾಳೆ. ಬಟ್ಟೆ ಇರುವವರೆಗೆ ಅದನ್ನು ಯಾರೂ ಮುಟ್ಟುವಂತಿಲ್ಲ. ಈಗ ನಮ್ಮ ಮನೆಯಲ್ಲೂ ಅದೇ ನಿಯಮ.